ಮಗಳೂ ಆಕೆಯೇ, ತಾಯಿಯೂ ಆಕೆಯೇ

ಬಿ.ಎಂ.ಶ್ರೀಯವರ ‘ಅಶ್ವತ್ಥಾಮನ್’ ನಾಟಕವನ್ನು ಪಾಠ ಹೇಳುವಾಗಲೆಲ್ಲ ಗ್ರೀಕರ ರುದ್ರನಾಟಕಗಳ ವಿಷಯವಾಗಿ ನಾಲ್ಕು ಮಾತು ಹೆಚ್ಚಾಗಿಯೇ ಆಡುವುದು ನನ್ನ ಹಳೆಯ ಚಪಲ. ಆ ಚಪಲವೇ ಒಂದು ಭಾನುವಾರ ನನ್ನನ್ನು ‘ಎಲೆಕ್ಟ್ರಾ’ ಚಿತ್ರದ ಮುಂದೆ ಕೂರಿಸಿತು. ತಾಯಿಯವರೂ ಅವರೆಕಾಯಿ ಸುಲಿಯುತ್ತ ಪಕ್ಕದಲ್ಲಿ ಕುಳಿತರು.

ಯೂರಿಪಿಡೀಸನ ನಾಟಕವನ್ನು ಆಧರಿಸಿ ಮೈಕೇಲ್ ಕಕೋಯಾನಿಸ್ 1962ರಲ್ಲಿ ತೆಗೆದ ಕಪ್ಪು-ಬಿಳುಪು ಚಿತ್ರವದು. ನಾಯಿಕೆ ಐರೀನ್ ಪಾಪಾಸ್. ಹಿಂದಿನ ವರ್ಷವಷ್ಟೇ ತೆರೆಯ ಮೇಲೆ ಆಂಟಿಗೊನೆಯಾಗಿದ್ದಾಕೆ. ಟ್ರಾಯ್ ನಗರವನ್ನು ಗೆದ್ದು ಬಂದ ಅಗಮೆಮ್ನಾನನನ್ನು ರಾಣಿ ಕ್ಲೈಟಮ್ನೆಸ್ಟ್ರಾ ಪ್ರಿಯಕರನೊಡಗೂಡಿ ಕೊಲ್ಲುತ್ತಾಳೆ. ಮಗಳು ಎಲೆಕ್ಟ್ರಾಳನ್ನು ಬಡ ಬೇಸಾಯಗಾರನೊಬ್ಬನಿಗೆ ಕೊಟ್ಟು ಅರಮನೆಯಿಂದ ಅಟ್ಟುತ್ತಾರೆ. ಮೋಟುಗೂದಲು, ಕರಿಯ ಉಡುಪು, ದಟ್ಟ ಹುಬ್ಬುಗಳ ಕೆಳಗೆ ಉರಿಯುವ ಆ ಕಣ್ಣುಗಳು! ಕೊನೆಗೆ ಅಕ್ಕನ ಪ್ರೇರಣೆಯಿಂದ ತಮ್ಮ ಒರೆಸ್ಟೀಸನು ಹೆತ್ತವಳನ್ನೇ ಕೊಲ್ಲುತ್ತಾನೆ.

“ನಮ್ಮ ಪರಶುರಾಮನ ಕಥೆಯಂತೆಯೇ ಅಲ್ಲವೇನಮ್ಮ?” ಎಂದೆ, ಪಾಂಡಿತ್ಯದ ಹೆಮ್ಮೆಯಿಂದ.

“ರೇಣುಕೆಗೆ ಮತ್ತೆ ಜೀವ ಬಂತಲ್ಲ. ಇರಲಿ, ಇವಳು ಗಂಡನನ್ನು ಕೊಂದದ್ದೇಕೆ?”

ಹಡಗುಗಳು ಹೊರಡಲು ಗಾಳಿ ಬೀಸಲಿಲ್ಲವೆಂದು ಅವನು ಹಿರಿಯ ಮಗಳು ಇಫಿಜೀನಿಯಳನ್ನು ಬಲಿ ಕೊಟ್ಟಿದ್ದ ಎಂದು, ಅಡಿಟಿಪ್ಪಣಿ ಓದುವ ಧ್ವನಿಯಲ್ಲಿ ತಿಳಿಸಿದೆ.

“ಅದನ್ನು ಮೊದಲೇ ಹೇಳಬಾರದಾಗಿತ್ತೆ?” ಎಂದವರು ಮತ್ತೆ ಮಾತನಾಡಲಿಲ್ಲ. ನಾನು ಹುಟ್ಟುವ ಮುನ್ನವೇ ತೀರಿಕೊಂಡ ಅಕ್ಕನೊಬ್ಬಳಿದ್ದಳು; ಅವಳ ಸುದ್ದಿ ನಮ್ಮ ಮನೆಯಲ್ಲಿ ಬರುವುದಿಲ್ಲ.

ಪಾಪಾಸ್ ಅವರ ಮುಂದಿನ ಬಾಳನ್ನು ಅರಸಿ ಓದಿದ್ದು ಆ ಬಳಿಕ. ಹಾಲಿವುಡ್ಡಿನ ಕಥೆ ಇಲ್ಲಿ ಬೇಡ. 1967ರಲ್ಲಿ ಗ್ರೀಸಿನ ಅಧಿಕಾರ ಸೇನೆಯ ಕೈಸೇರಿದಾಗ ಆಕೆ ಬಹಿರಂಗವಾಗಿ ವಿರೋಧಿಸಿ ದೇಶದಾಚೆ ಉಳಿದರು. 1971ರ ‘ಟ್ರೋಜನ್ ವಿಮೆನ್’ ಚಿತ್ರೀಕರಣ ನಡೆದದ್ದೂ ಸ್ಪೇನಿನಲ್ಲಿ. ಅದರಲ್ಲಿ ಆಕೆ ಹೆಲೆನ್. ಯಾರಿಗಾಗಿ ಆ ಯುದ್ಧವೋ, ಆ ಬಲಿಯೋ, ಅವಳು! ಸೇನೆಯ ಆಳ್ವಿಕೆ 1974ರಲ್ಲಿ ಉರುಳಿತು. 1977ರಲ್ಲಿ ಕಕೋಯಾನಿಸರೇ ‘ಇಫಿಜೀನಿಯ’ವನ್ನು ತೆಗೆದಾಗ ಪಾಪಾಸ್ ವಹಿಸಿದ ಪಾತ್ರ ಕ್ಲೈಟಮ್ನೆಸ್ಟ್ರಾಳದು. 15 ವರ್ಷಗಳ ಹಿಂದೆ ಯಾವ ತಾಯಿಯ ಸಾವನ್ನು ಬಯಸಿದ್ದರೋ ಆ ತಾಯಿಯೇ ತಾವಾಗಿ ನಿಂತಿದ್ದರು. ನಾನಾದರೋ ಅಷ್ಟು ವರ್ಷಗಳ ಕಾಲ ವಿದ್ಯಾರ್ಥಿಗಳಿಗೆ ಅವಳನ್ನು ಪಾತಕಿಯೆಂದೇ ಪರಿಚಯಿಸುತ್ತ ಬಂದಿದ್ದೆ.

ಮುಂದಿನ ಭಾನುವಾರ ಅದನ್ನೂ ನೋಡಿದೆವು. ಬಲಿ ಮುಗಿದಿದೆ, ಗಾಳಿ ಎದ್ದಿದೆ, ಹಡಗುಗಳು ಸಾಗುತ್ತಿವೆ. ಮುಖದ ಮೇಲೆ ಹಾರಾಡುವ ಕೂದಲಿನ ನಡುವಿನಿಂದ ತಾಯಿ ಅವುಗಳನ್ನೇ ದಿಟ್ಟಿಸುತ್ತಾಳೆ. ಎಲೆಕ್ಟ್ರಾಳ ಕಣ್ಣುಗಳೇ ಅವು. ಒಂದು ಮಾತೂ ಇಲ್ಲ. ನಮ್ಮ ತಾಯಿಯವರ ಕೈಯಲ್ಲಿ ಅಂದು ಅವರೆಕಾಯಿಯಿರಲಿಲ್ಲ.

ಆ ರಾತ್ರಿ ಬಡಿಸುತ್ತ, ಮೊದಲ ಬಾರಿಗೆ ಅಕ್ಕನ ಹೆಸರು ಹೇಳಿದರು. ಮೂರು ವರ್ಷ ಬದುಕಿದ್ದಳಂತೆ.