ಬಾಣಂತನಕ್ಕೆ ಹೊರಟವರ ವಿಮೆ

ಹಿಂದೆ ಹೆಣ್ಣುಮಕ್ಕಳು ಬಾಣಂತನಕ್ಕೆ ತವರಿಗೆ ಬರುತ್ತಿದ್ದರು. ಬಸುರಿ ಹೆಂಗಸನ್ನು ಕೂರಿಸಿಕೊಂಡ ಗಾಡಿ ತಿರುಮಕೂಡಲನ್ನು ದಾಟಿ ನಮ್ಮ ಮೂಗೂರಿನ ಕಡೆಗೆ ತಿರುಗಿತೆಂದರೆ ತವರಿನ ಗಾಳಿ ಬೀಸಿತೆಂದೇ ಅರ್ಥ. ಈಗ ಕಾಲ ತಿರುಗಿದೆ. ತವರೇ ಗಂಟುಮೂಟೆ ಕಟ್ಟಿಕೊಂಡು ಮಗಳಿದ್ದಲ್ಲಿಗೆ ಹೊರಡುತ್ತದೆ. ಮಗಳಿರುವುದು ಸಾಗರದಾಚೆಯಾದರೆ ಸಾಗರದಾಚೆಗೂ ಹೊರಡುತ್ತದೆ.

2018ರಲ್ಲಿ ನಾನೂ ನನ್ನಾಕೆಯೂ ಹಾಗೆ ಹೊರಟವರು. ನಾನು ಸರ್ಕಾರಿ ಪ್ರೌಢಶಾಲೆಯಲ್ಲಿ ಗಣಿತದ ಮೇಷ್ಟರಾಗಿದ್ದು ನಿವೃತ್ತನಾದವನು. ವಯಸ್ಸು ಅರವತ್ತಾರು, ಆಕೆಗೆ ಅರವತ್ತೊಂದು. ಮಗಳು ಅಮೆರಿಕದ ನ್ಯೂಜೆರ್ಸಿಯಲ್ಲಿ ಚೊಚ್ಚಲ ಬಸುರಿ. ಆಕೆ ತ್ರಿಪುರಸುಂದರಿಯಮ್ಮನ ಗುಡಿಯಲ್ಲಿ ಅರ್ಚನೆ ಮಾಡಿಸಿ, ಕುಂಕುಮದ ಪೊಟ್ಟಣ ತಂದಿಟ್ಟುಕೊಂಡು, ತಿಂಗಳ ಮೊದಲೇ ಸಿದ್ಧತೆಗೆ ತೊಡಗಿದಳು. ಅಂಟಿನುಂಡೆ, ಬಾಣಂತಿ ಲೇಹ, ಖಾರದ ಪುಡಿ, ನಂಜನಗೂಡಿನ ಹಲ್ಲುಪುಡಿ, ಒಂದೂ ಬಿಟ್ಟುಹೋಗಲಿಲ್ಲ. ನಂಜನಗೂಡಿನ ರಸಬಾಳೆಗೆ ಮಾತ್ರ ಆ ದೇಶದಲ್ಲಿ ಪ್ರವೇಶವಿಲ್ಲವೆಂದು ತಿಳಿದು ಎರಡು ದಿನ ಮುಖ ಬಾಡಿಸಿಕೊಂಡಿದ್ದಳು.

ಇಷ್ಟೆಲ್ಲ ಸಿದ್ಧತೆಯಲ್ಲಿ ನನ್ನ ಪಾಲಿಗೆ ಬಂದದ್ದು ಒಂದೇ ಕೆಲಸ: ವಿಮೆಯ ಕಾಗದಗಳನ್ನು ನೋಡಿಕೊಳ್ಳುವುದು. ಅದನ್ನು ನಾನು ಹೇಗೆ ನೋಡಿಕೊಂಡೆನೆಂಬುದೇ ಈ ಬರಹದ ವಿಷಯ.

ನಮ್ಮ ಸೀಮೆಯ ಸರ್ಕಾರಿ ನೌಕರರಿಗೆ ವಿಮೆ ಹೊಸದಲ್ಲ. ಮೈಸೂರು ಸಂಸ್ಥಾನವು 1891ರಷ್ಟು ಹಿಂದೆಯೇ ತನ್ನ ನೌಕರರಿಗಾಗಿ ಜೀವವಿಮೆಯನ್ನು ಏರ್ಪಡಿಸಿತ್ತು. ಇಂದಿನ ಕರ್ನಾಟಕ ಸರ್ಕಾರಿ ವಿಮಾ ಇಲಾಖೆಯ ಬೇರು ಅಲ್ಲಿದೆ. ಆದರೆ ನನ್ನಂಥವನಿಗೆ ವಿಮೆಯೆಂದರೆ ಸಂಬಳದ ಚೀಟಿಯಲ್ಲಿ ತಿಂಗಳು ತಿಂಗಳು ಕಾಣುವ ಒಂದು ಕಡಿತದ ಸಾಲು, ಅಷ್ಟೆ. ಅದನ್ನು ಓದಬೇಕೆಂದಾಗಲಿ ಅರ್ಥಮಾಡಿಕೊಳ್ಳಬೇಕೆಂದಾಗಲಿ ಯಾರೂ ಹೇಳಿರಲಿಲ್ಲ. ಹಣ ಕಟ್ಟುವುದು ನಮ್ಮ ಕೆಲಸ, ಕೊಡುವುದು ಅವರ ಕೆಲಸ ಎಂದು ನಂಬಿಯೇ ನೌಕರಿ ಮುಗಿಸಿದ್ದೆ.

ಅಳಿಯಂದಿರು ಅಮೆರಿಕದ ಒಂದು ಕಂಪೆನಿಯಲ್ಲಿ ನಮ್ಮಿಬ್ಬರಿಗೂ ಪ್ರವಾಸಿಗಳ ಆರೋಗ್ಯವಿಮೆ ಮಾಡಿಸಿ, ಅದರ ಪುಸ್ತಕವನ್ನು ಕಳುಹಿಸಿದರು. ಫೋನಿನಲ್ಲಿ, "ಮಾವ, ಒಮ್ಮೆ ಓದಿಬಿಡಿ. ಅತ್ತೆಯವರಿಗೆ ಬಿ.ಪಿ., ಸಕ್ಕರೆ ಎರಡೂ ಇವೆಯಲ್ಲ, ಅದರ ಬಗ್ಗೆ ಕೆಲವು ನಿಬಂಧನೆಗಳಿವೆ," ಎಂದರು. ನಾನು ಆ ಹಾಳೆಗಳನ್ನು ನರಸೀಪುರದಲ್ಲಿ ಅಚ್ಚು ಹಾಕಿಸಿ ತಂದು, ಪಾಸ್‌ಪೋರ್ಟುಗಳ ಜೊತೆಯಲ್ಲಿ ಭದ್ರವಾಗಿ ಇಟ್ಟೆ. ಬಹಳ ಭದ್ರವಾಗಿ ಇಟ್ಟೆ, ಬಿಚ್ಚಲೇ ಇಲ್ಲ.

"ವಿಮೆ ಎಂದರೆ ಏನೇನು ಕೊಡುತ್ತಾರೆ?" ಎಂದು ಆಕೆ ಒಂದು ಸಂಜೆ ಕೇಳಿದಳು.

"ಎಲ್ಲ ಕೊಡುತ್ತಾರೆ. ನಿನಗೇಕೆ ಆ ಚಿಂತೆ?" ಎಂದೆ.

ನಲವತ್ತು ವರ್ಷಗಳ ಸಂಸಾರದಲ್ಲಿ ನಾನು ಆಡಿದ ಅವಿವೇಕದ ಮಾತುಗಳು ಹಲವು. ಇದರಷ್ಟು ದುಬಾರಿಯಾದದ್ದು ಬೇರೊಂದಿಲ್ಲ. ನಾನು ಹೇಳದೆ ಬಿಟ್ಟದ್ದನ್ನು ಮೈಸೂರಿನ ಬಂಧುಗಳ ಮನೆಯಲ್ಲಿ ಬೇರೆಯವರು ಹೇಳಿದರು. ಅಮೆರಿಕಕ್ಕೆ ಹೋಗಿಬಂದ ಇಬ್ಬರು ಮಹಿಳೆಯರು ಅಲ್ಲಿನ ಆಸ್ಪತ್ರೆಯ ಬಿಲ್ಲುಗಳ ಕಥೆಗಳನ್ನು ರಾಕ್ಷಸರ ಕಥೆಯಂತೆ ಬಣ್ಣಿಸಿದರಂತೆ. "ಸಕ್ಕರೆ ಕಾಯಿಲೆಯ ಮಾತ್ರೆ ಕಂಡರೆ ವಿಮೆಯವರು ಬಿಡಿಗಾಸೂ ಕೊಡುವುದಿಲ್ಲ," ಎಂದೂ ಎಚ್ಚರಿಸಿದರಂತೆ. ಆಕೆ ನನಗೆ ತಿಳಿಸದೆ ಮಾತ್ರೆಗಳನ್ನೆಲ್ಲ ಹಾಳೆಯಿಂದ ಬಿಡಿಸಿ, ಹೆಸರಿಲ್ಲದ ಒಂದು ಸ್ಟೀಲು ಡಬ್ಬಿಯಲ್ಲಿ ತುಂಬಿಕೊಂಡಳು.

ಮೊಮ್ಮಗಳು ಹುಟ್ಟಿದಳು. ಮನೆ ತುಂಬಿತು. ಎಣ್ಣೆನೀರು, ಸಾಂಬ್ರಾಣಿ ಹೊಗೆ, ಬಾಣಂತಿಯ ಪಥ್ಯ ಎಲ್ಲವೂ ಆ ಪರದೇಶದ ಮನೆಯಲ್ಲಿ ಮೂಗೂರಿನ ಕ್ರಮದಲ್ಲೇ ನಡೆದವು. ಹೊಗೆಯ ಗಂಟೆ ಬಡಿದುಕೊಂಡು ನೆರೆಯವರು ಓಡಿಬಂದದ್ದೊಂದು ತಮಾಷೆಯ ಪ್ರಸಂಗ. ಅದನ್ನು ಇನ್ನೊಮ್ಮೆ ಹೇಳುವೆನು.

ಇಪ್ಪತ್ತೆಂಟನೆಯ ದಿನ, ಒಂದು ಸೋಮವಾರ ಬೆಳಿಗ್ಗೆ, ಮಗುವಿನ ಸ್ನಾನಕ್ಕೆ ನೀರು ಹದಮಾಡುತ್ತಿದ್ದವಳು ತೊಟ್ಟಿಯ ಅಂಚನ್ನು ಹಿಡಿದು ಕುಳಿತುಬಿಟ್ಟಳು. ಮುಖದ ಮೇಲೆ ಬೆವರು ಹರಿಯುತ್ತಿತ್ತು. ಮಗಳು ಫೋನು ಮಾಡಿದ ಕೆಲವೇ ನಿಮಿಷಗಳಲ್ಲಿ ಆಂಬುಲೆನ್ಸ್ ಬಾಗಿಲಿಗೆ ಬಂದಿತು. ಅದರೊಳಗೆ ಮಲಗಿಸಿದಾಗ ಆಕೆ ನನ್ನ ಕೈ ಹಿಡಿದು ಕೇಳಿದ ಮಾತು ಒಂದೇ: "ಏನೂಂದ್ರೆ, ಈ ಗಾಡಿಗೆ ಎಷ್ಟಾಗುತ್ತದೆ?"

ಆಸ್ಪತ್ರೆಯಲ್ಲಿ ಯಾರೂ ಮುಂಗಡ ಹಣ ಕೇಳಲಿಲ್ಲ. ತುರ್ತು ಚಿಕಿತ್ಸೆಗೆ ಬಂದವರನ್ನು, ಹಣ ಉಂಟೋ ಇಲ್ಲವೋ ಎಂದು ನೋಡದೆ, ಪರೀಕ್ಷಿಸಿ ಅಪಾಯದಿಂದ ಪಾರುಮಾಡಬೇಕೆಂದು ಆ ದೇಶದಲ್ಲಿ 1986ರಿಂದ ಕಾನೂನಿದೆ. ಬಿಲ್ಲು ಮಾತ್ರ ಹಿಂದೆಯೇ ಬರುತ್ತದೆ. ಯಾವ ಮಾತ್ರೆ ತೆಗೆದುಕೊಳ್ಳುತ್ತಾರೆಂದು ದಾದಿ ಕೇಳಿದಳು. ನಾನು ಆ ಸ್ಟೀಲು ಡಬ್ಬಿಯನ್ನು ಮುಂದಿಟ್ಟೆ. ಬಿಳಿಯ ಮಾತ್ರೆ, ಹಳದಿಯ ಮಾತ್ರೆ. ಹೆಸರು ನನಗೂ ಗೊತ್ತಿರಲಿಲ್ಲ. ಅವಳು ಒಂದು ಕ್ಷಣ ನನ್ನ ಮುಖವನ್ನು ನೋಡಿದಳು. ಮೂವತ್ತು ವರ್ಷ ಪಾಠ ಹೇಳಿದವನಿಗೆ ಅಂದು ಬೆಂಚಿನ ಮೇಲೆ ನಿಂತಂತಾಯಿತು.

ಡಾಕ್ಟರರು ಫೋನಿನಲ್ಲಿ ಒಬ್ಬ ದುಭಾಷಿಯನ್ನು ಕರೆಸಿದರು. ಎಲ್ಲಿಂದಲೋ ಅಚ್ಚ ಕನ್ನಡದ ಹೆಣ್ಣುದನಿಯೊಂದು ಕೇಳಿತು: "ಅಮ್ಮಾ, ನೋವು ಯಾವಾಗ ಶುರುವಾಯಿತು ಎಂದು ಡಾಕ್ಟರು ಕೇಳುತ್ತಿದ್ದಾರೆ."

ಆಕೆ ಕಣ್ಣು ಮುಚ್ಚಿಕೊಂಡೇ ಹೇಳಿದಳು: "ಶನಿವಾರ ರಾತ್ರಿ."

ನನ್ನ ಎದೆಯೂ ನಿಂತಂತಾಯಿತು. ಮಗುವನ್ನು ಮಲಗಿಸಿ ಎದ್ದಾಗ ಎದೆಯ ಮೇಲೆ ಕಲ್ಲಿಟ್ಟಂತಾಗಿತ್ತಂತೆ. ಜೀರಿಗೆ ಕಷಾಯ ಕುಡಿದು, ನಂಜುಂಡೇಶ್ವರನ ಹೆಸರಿನಲ್ಲಿ ಒಂದು ಡಾಲರನ್ನು ಮುಡಿಪು ಕಟ್ಟಿಟ್ಟು ಮಲಗಿದಳಂತೆ. ಟಿಪ್ಪು ಸುಲ್ತಾನನ ಆನೆಯ ಕಣ್ಣು ಗುಣಪಡಿಸಿ ಹಕೀಂ ನಂಜುಂಡನೆನಿಸಿಕೊಂಡ ದೇವರೆಂದು ನಮ್ಮ ಕಡೆಯ ಪ್ರತೀತಿ. ಭಾನುವಾರವಿಡೀ ನೋವು ಬಂದುಬಂದು ಹೋಗಿತ್ತು. ಒಂದೇ ಸೂರಿನ ಕೆಳಗೆ ನಾವು ಮೂವರು ದೊಡ್ಡವರಿದ್ದೆವು. ಒಬ್ಬರಿಗೂ ಆಕೆ ಹೇಳಿರಲಿಲ್ಲ.

ರಕ್ತನಾಳದಲ್ಲಿ ಅಡಚಣೆಯಿತ್ತು. ಸ್ಟೆಂಟ್ ಇಟ್ಟರು. ದೇವರ ದಯೆ, ಆ ಡಾಕ್ಟರರ ಕೈಗುಣ. ನಾಲ್ಕನೆಯ ದಿನ ಮನೆಗೆ ಬಂದಳು. ಬಿಲ್ಲು ಅನಂತರ ಬಂದಿತು. ಅದರ ಮೊತ್ತವನ್ನು ಇಲ್ಲಿ ಬರೆಯಲು ಈಗಲೂ ಕೈ ಬಾರದು. ನನ್ನ ಹಲವು ವರ್ಷಗಳ ಪಿಂಚಣಿಯನ್ನು ಒಟ್ಟುಗೂಡಿಸಿದರೂ ಅದಕ್ಕೆ ಸಾಲುತ್ತಿರಲಿಲ್ಲವೆಂದರೆ ಸಾಕು.

ಆಗ ಪೆಟ್ಟಿಗೆಯಿಂದ ಆ ಪುಸ್ತಕವನ್ನು ತೆಗೆದು ಮೊದಲ ಬಾರಿಗೆ ಓದಿದೆ. ಹಿಂದಿನಿಂದ ಇದ್ದ ಕಾಯಿಲೆಗಳಿಗೆ ಸಾಮಾನ್ಯವಾಗಿ ವಿಮೆಯಿಲ್ಲ. ಆದರೆ ಅಂಥ ಕಾಯಿಲೆ ಮುನ್ಸೂಚನೆಯಿಲ್ಲದೆ ಹಠಾತ್ತನೆ ಉಲ್ಬಣಿಸಿದರೆ, ಒಂದು ಮಿತಿಯವರೆಗೆ ಹಣ ಕೊಡುವರು. ಅದಕ್ಕೊಂದು ನಿಬಂಧನೆ: ತೊಂದರೆ ಆರಂಭವಾದ 24 ಗಂಟೆಯೊಳಗೆ ಚಿಕಿತ್ಸೆ ಪಡೆದಿರಬೇಕು.

ಓದುಗರಿಗೆ ಮುಂದಿನದು ತಿಳಿದೇ ಹೋಗಿರುತ್ತದೆ. ವಿಮೆ ಮಾಡಿಸುವಾಗ ಒಂದು ಪ್ರಶ್ನೆಯನ್ನೂ ಕೇಳದಿದ್ದ ಕಂಪೆನಿ ಈಗ ಹಿಂದಿನ ವರ್ಷಗಳ ಚಿಕಿತ್ಸೆಯ ಚೀಟಿಗಳನ್ನೆಲ್ಲ ತರಿಸಿಕೊಂಡಿತು. ಎರಡು ತಿಂಗಳ ಮೇಲೆ ಉತ್ತರ ಬಂದಿತು: ಕಾಯಿಲೆ ಹಿಂದಿನದು, ನೋವು ಶನಿವಾರ ಆರಂಭವಾದದ್ದು, ಚಿಕಿತ್ಸೆ ಸೋಮವಾರದ್ದು, ಆದ್ದರಿಂದ ಹಣ ಸಲ್ಲದು. ಯಾವ ವಿಮೆ ಕೈಹಿಡಿಯಬಹುದಾಗಿತ್ತೋ ಆ ವಿಮೆ, ಅದಿಲ್ಲವೆಂಬ ಭಯದಿಂದಲೇ ಕೈತಪ್ಪಿತ್ತು.

"ಇವತ್ತು ಬೆಳಿಗ್ಗೆ ಎಂದು ಹೇಳಿಬಿಟ್ಟಿದ್ದರೆ ಆಗುತ್ತಿತ್ತಲ್ಲ!" ಎಂದವರು ಅನೇಕರು. ನಾನು ಹಾಗೆನ್ನಲಾರೆ. ನೋವು ಎಷ್ಟು ಹಳೆಯದೆಂದು ತಿಳಿದುಕೊಂಡೇ ಡಾಕ್ಟರು ಚಿಕಿತ್ಸೆಯ ದಾರಿ ಹಿಡಿಯುತ್ತಾರೆ. ಆಕೆ ನಿಜ ಹೇಳಿದ್ದು ತಪ್ಪಲ್ಲ; ನಿಜವನ್ನು ಶನಿವಾರವೇ ಹೇಳಲಾಗದಂತೆ ನಾವು ಮಾಡಿದ್ದು ತಪ್ಪು.

ಮೂಗೂರಿನ ಗದ್ದೆಯಲ್ಲಿ ಒಂದು ಭಾಗವನ್ನು ಮಾರುವೆನೆಂದೆ. ಮಗಳು ಮಗುವನ್ನು ತೊಡೆಯ ಮೇಲಿಟ್ಟುಕೊಂಡು ಅತ್ತಳು. ಅಳಿಯಂದಿರು ಆಸ್ಪತ್ರೆಗೆ ಮತ್ತೆ ಮತ್ತೆ ಹೋಗಿ ವಿಚಾರಿಸಿದರು. ಅಲ್ಲಿ ಲಾಭದ ಉದ್ದೇಶವಿಲ್ಲದ ಆಸ್ಪತ್ರೆಗಳು ಅಶಕ್ತರಿಗೆ ರಿಯಾಯಿತಿ ನೀಡುವ ಲಿಖಿತ ಕ್ರಮವನ್ನು ಹೊಂದಿರಬೇಕೆಂದು 2010ರ ಕಾಯಿದೆಯೊಂದು ವಿಧಿಸಿದೆ. ನನ್ನ ಪಿಂಚಣಿಯ ಪತ್ರವನ್ನು ಇಟ್ಟು ಅರ್ಜಿ ಹಾಕಿದೆವು. ಬಿಲ್ಲಿನ ಬಹುಭಾಗ ಇಳಿಯಿತು. ಉಳಿದುದನ್ನು ಅಳಿಯಂದಿರು ಕಂತುಗಳಲ್ಲಿ ತೀರಿಸಿದರು. ಗದ್ದೆ ಉಳಿಯಿತು, ನನ್ನ ಮಾನವೂ ಅರ್ಧ ಉಳಿಯಿತು.

ಊರಿಗೆ ಮರಳಿದ ಮೇಲೆ ಒಂದು ದಿನ ಕೇಳಿದೆ: "ನನಗಾದರೂ ಹೇಳಬಾರದಾಗಿತ್ತೆ?"

"ಸಾಯುವ ಭಯ ಆಗಲಿಲ್ಲ. ಎಷ್ಟಾಗುವುದೋ ಎಂಬ ಭಯವಾಯಿತು. ಬಾಣಂತನ ಮಾಡಲು ಹೋದವಳು ಮಗಳ ಸಂಸಾರಕ್ಕೆ ಸಾಲ ಹೊರಿಸಿ ಬಂದಳು ಎನ್ನಿಸಿಕೊಳ್ಳಬೇಕೆ?" ಎಂದಳು.

ಆ ಮಾತಿನಿಂದ ನಾನು ವಿಮೆಯ ಅರ್ಥವನ್ನು ಕಲಿತೆ. ಅದು ಹಣದ ವಿಷಯವೆಂದು ತಿಳಿದಿದ್ದೆ. ಅಲ್ಲ, ಮುದುಕರಾದವರು ಮಕ್ಕಳ ಮನೆಯಲ್ಲಿ ಸಂಕೋಚವಿಲ್ಲದೆ 'ನೋಯುತ್ತಿದೆ' ಎಂದು ಬಾಯಿಬಿಟ್ಟು ಹೇಳಿಕೊಳ್ಳುವ ಅಧಿಕಾರ ಅದು. ಕಾಗದ ಪೆಟ್ಟಿಗೆಯಲ್ಲಿದ್ದರೆ ಆ ಅಧಿಕಾರ ಬರುವುದಿಲ್ಲ. ಅದರಲ್ಲಿ ಏನಿದೆಯೆಂದು ನೋಯುವವರಿಗೇ ತಿಳಿದಿರಬೇಕು.

ಈ ಪಾಠವನ್ನು ಕಲಿತ ಮೇಲೆ ವಿಷಯವನ್ನು ತಕ್ಕಮಟ್ಟಿಗೆ ಓದಿಕೊಂಡಿದ್ದೇನೆ. ನಮ್ಮಂತೆ ಹೊರಡುವವರಿಗೆ ಉಪಯೋಗವಾದೀತೆಂದು ನಾಲ್ಕು ಮಾತು ಬರೆಯುವೆನು.

ಮನೆಯಲ್ಲಿ ಇರುವ ಆರೋಗ್ಯವಿಮೆ ಸಾಮಾನ್ಯವಾಗಿ ಗಡಿ ದಾಟಿ ಬಾರದು. 2024ರ ಅಕ್ಟೋಬರಿನಲ್ಲಿ ಕೇಂದ್ರ ಸರ್ಕಾರವು ಆಯುಷ್ಮಾನ್ ಭಾರತ ಯೋಜನೆಯನ್ನು 70 ವರ್ಷ ದಾಟಿದ ಎಲ್ಲರಿಗೂ ವಿಸ್ತರಿಸಿತು; ವರ್ಷಕ್ಕೆ 5 ಲಕ್ಷ ರೂಪಾಯಿಯ ಆ ರಕ್ಷಣೆಯೂ ದೇಶದೊಳಗಿನ ನೋಂದಾಯಿತ ಆಸ್ಪತ್ರೆಗಳಿಗೇ ಸಂಬಂಧಪಟ್ಟದ್ದು. ಪರದೇಶಕ್ಕೆ ಬೇರೆಯದೇ ವಿಮೆ ಬೇಕು.

ದೇಶದಿಂದ ದೇಶಕ್ಕೆ ನಿಯಮವೂ ಬೇರೆ. ಯೂರೋಪಿನ ಷೆಂಗೆನ್ ದೇಶಗಳು ಕನಿಷ್ಠ 30,000 ಯೂರೋಗಳ ವಿಮೆಯಿಲ್ಲದೆ ವೀಸಾ ಕೊಡುವುದಿಲ್ಲ. ಕೆನಡಾದಲ್ಲಿ ನೆಲೆಸಿದ ಮಕ್ಕಳ ಬಳಿಗೆ ದೀರ್ಘಕಾಲಕ್ಕೆ ಹೋಗುವ ತಂದೆತಾಯಿಗಳ ಸೂಪರ್ ವೀಸಾಕ್ಕೆ ಒಂದು ವರ್ಷದ ಅವಧಿಯ ಕನಿಷ್ಠ 1,00,000 ಕೆನಡಾ ಡಾಲರುಗಳ ವಿಮೆ ಕಡ್ಡಾಯ. ಬ್ರಿಟನ್ನಿನಲ್ಲಿ ಪ್ರವಾಸಿಗಳು ಆಸ್ಪತ್ರೆಗೆ ದಾಖಲಾದರೆ ಸರ್ಕಾರಿ ಆರೋಗ್ಯ ವ್ಯವಸ್ಥೆಯು ಸಾಮಾನ್ಯವಾಗಿ ತನ್ನ ದರದ ಒಂದೂವರೆ ಪಟ್ಟು ವಸೂಲು ಮಾಡುತ್ತದೆ. ಅಮೆರಿಕವೋ, ಪ್ರವಾಸಿಯ ವೀಸಾಕ್ಕೆ ವಿಮೆಯನ್ನೇ ಕೇಳುವುದಿಲ್ಲ. ಚಿಕಿತ್ಸೆ ಅತ್ಯಂತ ದುಬಾರಿಯಾದ ದೇಶ ವಿಮೆಯನ್ನು ನಮ್ಮ ವಿವೇಕಕ್ಕೆ ಬಿಟ್ಟಿದೆ.

ವಿಮೆಯನ್ನು ಆರಿಸುವಾಗ ಕಂತು ಎಷ್ಟೆಂದು ನೋಡುವುದಕ್ಕಿಂತ ಮುಂಚೆ ಮೂರು ಪ್ರಶ್ನೆ ಕೇಳಬೇಕು. ಹಿಂದಿನ ಕಾಯಿಲೆ ಉಲ್ಬಣಿಸಿದರೆ ಕೊಡುವರೆ, ಎಷ್ಟರವರೆಗೆ, ಎಷ್ಟು ಗಂಟೆಯೊಳಗೆ ಹೋಗಬೇಕು? ಮೊದಲಿಗೆ ನಮ್ಮ ಕೈಯಿಂದ ತೆರಬೇಕಾದ ಮೊತ್ತ, ಅವರು ಡಿಡಕ್ಟಿಬಲ್ ಎನ್ನುವುದು, ಎಷ್ಟು? ಒಂದೊಂದು ಚಿಕಿತ್ಸೆಗೂ ಇಷ್ಟೇ ಎಂದು ಗೊತ್ತುಮಾಡಿದ ಅಗ್ಗದ ವಿಮೆಯೋ, ಒಟ್ಟು ಖರ್ಚನ್ನು ಲೆಕ್ಕಕ್ಕೆ ಹಿಡಿಯುವ ವಿಮೆಯೋ? ಎಪ್ಪತ್ತು ದಾಟಿದವರಿಗೆ ಅನೇಕ ಕಂಪೆನಿಗಳು ಮೊತ್ತವನ್ನು ಇಳಿಸುವುದುಂಟು, ಅದನ್ನೂ ವಿಚಾರಿಸಬೇಕು. ಅರ್ಜಿಯಲ್ಲಿ ಕಾಯಿಲೆಯ ಪ್ರಶ್ನೆಯಿದ್ದರೆ ನಿಜವನ್ನೇ ಬರೆಯಬೇಕು. ಮುಚ್ಚಿಟ್ಟದ್ದು ಹೊರಬಿದ್ದ ದಿನ ಇಡೀ ವಿಮೆಯೇ ಬಿದ್ದುಹೋದೀತು. ಮಾತ್ರೆಗಳನ್ನು ಅವುಗಳ ಹಾಳೆಯಲ್ಲೇ, ಡಾಕ್ಟರರ ಚೀಟಿಯ ಜೊತೆಯಲ್ಲೇ ಒಯ್ಯಬೇಕು. ಸ್ಟೀಲು ಡಬ್ಬಿ ಚಟ್ನಿಪುಡಿಗೆ ಇರಲಿ.

2023ರಲ್ಲಿ ಮಗಳಿಗೆ ಎರಡನೆಯ ಮಗು. ಹೃದಯದ ಡಾಕ್ಟರರ ಒಪ್ಪಿಗೆ ಪಡೆದು ಮತ್ತೆ ಹೊರಟೆವು. ಈ ಸಲ ಹೊರಡುವ ಮುನ್ನ ನಾಲ್ಕು ಸಂಜೆ ಜಗುಲಿಯಲ್ಲಿ ಕುಳಿತು ಆ ಪುಸ್ತಕವನ್ನು ಸಾಲುಸಾಲಾಗಿ ಕನ್ನಡದಲ್ಲಿ ಆಕೆಗೆ ಓದಿಹೇಳಿದೆ. ಆಕೆ ಕೇಳಿದ ಪ್ರಶ್ನೆಗಳನ್ನು ನನ್ನ ಯಾವ ವಿದ್ಯಾರ್ಥಿಯೂ ಕೇಳಿರಲಿಲ್ಲ. ಉತ್ತರ ತಿಳಿಯದ ಎರಡನ್ನು ಅಳಿಯಂದಿರ ಮೂಲಕ ಕಂಪೆನಿಗೇ ಬರೆದು ತಿಳಿದುಕೊಂಡೆವು. ಕೊನೆಗೆ ಒಂದು ರಟ್ಟಿನ ಮೇಲೆ ದೊಡ್ಡ ಅಕ್ಷರಗಳಲ್ಲಿ ಮಾತ್ರೆಗಳ ಹೆಸರು, ಫೋನಿನ ನಂಬರು, ಕೆಳಗೆ '24 ಗಂಟೆ' ಎಂದು ಬರೆದುಕೊಟ್ಟೆ. ಅದನ್ನು ಅಮ್ಮನವರ ಕುಂಕುಮದ ಪೊಟ್ಟಣದ ಜೊತೆಯಲ್ಲಿ ಕೈಚೀಲದಲ್ಲಿ ಇಟ್ಟುಕೊಂಡಳು.

ಅಲ್ಲಿಗೆ ಹೋದ ಐದನೆಯ ವಾರ, ನಡುರಾತ್ರಿ, ನನ್ನನ್ನು ಅಲುಗಿಸಿ ಎಬ್ಬಿಸಿದಳು. "ಎದೆಯಲ್ಲಿ ಏನೋ ಆಗುತ್ತಿದೆ. ಈಗ ತಾನೇ ಶುರುವಾಯಿತು. ಗಂಟೆ ನೋಡಿ."

ಒಂದು ಗಂಟೆ ಹತ್ತು ನಿಮಿಷ. ಎರಡು ಗಂಟೆಯೊಳಗೆ ಆಸ್ಪತ್ರೆಯಲ್ಲಿದ್ದೆವು. ಪರೀಕ್ಷೆಗಳೆಲ್ಲ ಆದವು. ಹೃದಯ ಗಟ್ಟಿಯಾಗಿತ್ತು, ಹಿಂದಿನ ರಾತ್ರಿಯ ಹಿತಕಿದವರೆಯ ಸಾರು ಹೊಟ್ಟೆಗೆ ಒಗ್ಗಿರಲಿಲ್ಲ, ಅಷ್ಟೆ. ಕೈಯಿಂದ ತೆರಬೇಕಾದ ಮೊದಲ ಮೊತ್ತವನ್ನು ತೆತ್ತೆವು. ಉಳಿದುದನ್ನು ವಿಮೆ ಕೊಟ್ಟಿತು.

ಬೆಳಗಿನ ಜಾವ ಕಾರಿನಲ್ಲಿ ಮನೆಗೆ ಹಿಂತಿರುಗುವಾಗ ಆಕೆ ಸಂಕೋಚದಿಂದ, "ಸುಮ್ಮನೆ ಎಲ್ಲರಿಗೂ ನಿದ್ದೆಗೇಡು ಮಾಡಿದೆ," ಎಂದಳು.

ಅಳಿಯಂದಿರು ಹಿಂತಿರುಗಿ ನೋಡದೆಯೇ ಹೇಳಿದರು: "ಅತ್ತೆ, ಐದು ವರ್ಷದಿಂದ ನಾನು ಕಾದಿದ್ದದ್ದು ಈ ನಿದ್ದೆಗೇಡಿಗೇ."

ಆಕೆ ಮಾತನಾಡಲಿಲ್ಲ. ಕೈಚೀಲದಿಂದ ಆ ರಟ್ಟನ್ನು ತೆಗೆದು, ಸೆರಗಿನಿಂದ ಒರೆಸಿ, ಮತ್ತೆ ಒಳಗಿಟ್ಟುಕೊಂಡಳು.