ನೋಟ್‌ಬುಕ್ಕಿಗಾಗಿ ಒಂದು ಓಟ

ಮಕ್ಕಳ ಸಿನಿಮಾ ಮಾಡುವವರು ಸಿಕ್ಕರೆ ಜನ ಕೇಳುವುದು ಒಂದೇ ಮಾತು: “ದೊಡ್ಡ ಸಿನಿಮಾ ಯಾವಾಗ ಮಾಡ್ತೀರಿ?” ಈ ಮಾತು ಕಿವಿಗೆ ಬಿದ್ದಾಗಲೆಲ್ಲ ನನಗೆ ಇರಾನಿನ ಅಬ್ಬಾಸ್ ಕಿಯರೋಸ್ತಮಿ ನೆನಪಾಗುತ್ತಾರೆ.

ಟೆಹರಾನಿನಲ್ಲಿ ಜಾಹೀರಾತು ಚಿತ್ರ ಮಾಡಿಕೊಂಡು, ಬೇರೆಯವರ ಸಿನಿಮಾಗಳಿಗೆ ಟೈಟಲ್ ಬರೆದುಕೊಂಡಿದ್ದ ಅವರಿಗೆ ಮಕ್ಕಳ ಬೌದ್ಧಿಕ ಬೆಳವಣಿಗೆಗೆಂದು 1965ರಲ್ಲಿ ಹುಟ್ಟಿದ್ದ ಸಂಸ್ಥೆಯಿಂದ ಕರೆ ಬಂತು. ಅಲ್ಲಿ ಸಿನಿಮಾ ವಿಭಾಗ ಕಟ್ಟುವ ಕೆಲಸ. 1970ರಲ್ಲಿ ತಮ್ಮ ಮೊದಲ ಚಿತ್ರ ‘ರೊಟ್ಟಿ ಮತ್ತು ಓಣಿ’ ತೆಗೆದರು. ಹತ್ತು ನಿಮಿಷದ್ದು. ಹುಡುಗನೊಬ್ಬ ರೊಟ್ಟಿ ಹಿಡಿದು ಮನೆಗೆ ಹೊರಟಿದ್ದಾನೆ, ಓಣಿಯಲ್ಲಿ ನಾಯಿ ಬೊಗಳುತ್ತದೆ. ಅಷ್ಟೇ ಕಥೆ. ಆದರೆ ಆ ಹುಡುಗ ಗೋಡೆಗೆ ಒರಗಿ ನಿಂತುಬಿಡುತ್ತಾನಲ್ಲ, ಯಾರಾದರೂ ದೊಡ್ಡವರು ಬಂದಾರೇ ಎಂದು ದಾರಿ ಕಾಯುತ್ತಾನಲ್ಲ, ಆ ಹೊತ್ತು ಎಷ್ಟು ಉದ್ದ! ಮುದುಕರೊಬ್ಬರು ಬರುತ್ತಾರೆ, ಹುಡುಗ ಅವರ ಬೆನ್ನು ಹತ್ತುತ್ತಾನೆ, ಅವರು ನಡುವೆಯೇ ಬೇರೆ ಓಣಿಗೆ ತಿರುಗಿಬಿಡುತ್ತಾರೆ. ಕೊನೆಗೆ ರೊಟ್ಟಿಯ ಒಂದು ಚೂರು ನಾಯಿಗೆ ಎಸೆಯುವ ಉಪಾಯ ಅವನಿಗೇ ಹೊಳೆಯುತ್ತದೆ.

ಆಮೇಲೆ ಅವರು ಹಲ್ಲುನೋವಿನ ಬಗ್ಗೆ ಚಿತ್ರ ಮಾಡಿದರು. ಹರಿದ ಪುಸ್ತಕಕ್ಕೆ ಜಗಳವಾಡುವ ಇಬ್ಬರು ಗೆಳೆಯರ ಬಗ್ಗೆಯೂ ಮಾಡಿದರು. ‘ಮನೆಪಾಠ’ ಎಂಬ 1989ರ ಸಾಕ್ಷ್ಯಚಿತ್ರದಲ್ಲಿ ಕ್ಯಾಮೆರಾದ ಎದುರು ಮಕ್ಕಳು ಮಾತಾಡುತ್ತಾರೆ. ಶಿಕ್ಷೆ ಏನೆಂಬುದು ಎಲ್ಲರಿಗೂ ಗೊತ್ತು. ಶಾಬಾಷ್‌ಗಿರಿ ಏನೆಂದು ಕೇಳಿದರೆ ಎಷ್ಟೋ ಮಕ್ಕಳು ತಡವರಿಸುತ್ತಾರೆ. ಅದನ್ನು ನೋಡುತ್ತಾ ಹೊಟ್ಟೆಯಲ್ಲಿ ಸಂಕಟವಾಗುತ್ತದೆ.

ನನಗೆ ಎಲ್ಲಕ್ಕಿಂತ ಹೆಚ್ಚು ಪ್ರಿಯವಾದದ್ದು 1987ರ ‘ಗೆಳೆಯನ ಮನೆ ಎಲ್ಲಿ?’. ಅಹ್ಮದ್ ಎಂಬ ಪುಟ್ಟ ಹುಡುಗನ ಚೀಲಕ್ಕೆ ಪಕ್ಕದವನ ನೋಟ್‌ಬುಕ್ ಸೇರಿಬಿಟ್ಟಿದೆ. ಇನ್ನೊಮ್ಮೆ ನೋಟ್‌ಬುಕ್ಕಿನಲ್ಲಿ ಮನೆಪಾಠ ಬರೆಯದೆ ಬಂದರೆ ಶಾಲೆಯಿಂದಲೇ ಆಚೆಗೆ ಎಂದು ಮೇಷ್ಟ್ರು ಆ ಗೆಳೆಯನನ್ನು ಗದರಿಸಿದ್ದಾರೆ. ಅಮ್ಮನಿಗೆ ಹೇಳಿದರೆ ಅವಳ ಕಿವಿಗೆ ಬೀಳುವುದಿಲ್ಲ. ಬಟ್ಟೆ, ಕೂಸು, ಅವಳ ಕೆಲಸ ಅವಳಿಗೆ. ಅಹ್ಮದ್ ಗುಡ್ಡ ಹತ್ತಿ ಪಕ್ಕದೂರಿಗೆ ಓಡುತ್ತಾನೆ. ದಾರಿಯಲ್ಲಿ ಸಿಕ್ಕ ಅಜ್ಜ, ಜೇಬಿನಲ್ಲಿ ಸಿಗರೇಟು ಇದ್ದರೂ ಅದನ್ನೇ ತರಲು ಮನೆಗೆ ಅಟ್ಟುತ್ತಾನೆ, ಮಕ್ಕಳಿಗೆ ಹೇಳಿದ ಮಾತು ಕೇಳುವ ಅಭ್ಯಾಸ ಆಗಲಿ ಅಂತ. ಈ ಅಜ್ಜನ ಮೇಲೆ ನನಗೆ ಇವತ್ತಿಗೂ ಸಿಟ್ಟಿದೆ. ನಮ್ಮ ಹಳ್ಳಿಗಳ ಕಟ್ಟೆಗಳ ಮೇಲೂ ಇಂಥ ಅಜ್ಜಂದಿರು ಕೂತಿದ್ದರು.

ದೊಡ್ಡವರ ಕಣ್ಣಿಗೇ ಬೀಳದ ಒಂದು ನೋಟ್‌ಬುಕ್ಕು, ಆ ಹುಡುಗನಿಗೆ ಪ್ರಪಂಚದಷ್ಟೇ ಭಾರ. ಕಿಯರೋಸ್ತಮಿ ಆ ಭಾರವನ್ನು ಒಂದು ಗುಲಗಂಜಿಯಷ್ಟೂ ಕಡಿಮೆ ಮಾಡಿ ತೋರಿಸಲಿಲ್ಲ. ಮಕ್ಕಳಿಗಾಗಿ ಸಿನಿಮಾ ಮಾಡುವವರಲ್ಲಿ ನಾನು ಹುಡುಕುವುದು ಇದನ್ನೇ. ಸುಮಾರು ಎರಡು ದಶಕ ಅವರು ಆ ಸಂಸ್ಥೆಯಲ್ಲೇ ಉಳಿದು ಇದನ್ನೇ ಮಾಡಿದರು. 1997ರಲ್ಲಿ ಕಾನ್ ಚಿತ್ರೋತ್ಸವದ ದೊಡ್ಡ ಪ್ರಶಸ್ತಿ ಬಂದದ್ದು ದೊಡ್ಡವರ ಚಿತ್ರಕ್ಕೇ ಸರಿ; ಆದರೆ ಆ ಕಣ್ಣು ಪಳಗಿದ್ದು ಆ ರೊಟ್ಟಿಯ ಓಣಿಯಲ್ಲಿ.

1990ರಲ್ಲಿ ಉತ್ತರ ಇರಾನಿನಲ್ಲಿ ಭೂಕಂಪವಾಯಿತು. ‘ಗೆಳೆಯನ ಮನೆ’ ತೆಗೆದ ಕೋಕೇರ್ ಹಳ್ಳಿಯೂ ಅದಕ್ಕೆ ಸಿಕ್ಕಿತು. ಚಿತ್ರದಲ್ಲಿ ನಟಿಸಿದ್ದ ಇಬ್ಬರು ಹುಡುಗರು ಉಳಿದಿದ್ದಾರೋ ಇಲ್ಲವೋ ಎಂದು ಕಿಯರೋಸ್ತಮಿ ಮಗನನ್ನು ಕರೆದುಕೊಂಡು ಕಾರಿನಲ್ಲಿ ಹೊರಟರು. ಆ ಪ್ರಯಾಣವೇ 1992ರಲ್ಲಿ ಇನ್ನೊಂದು ಚಿತ್ರವಾಯಿತು. ಅದರಲ್ಲಿ ಹುಡುಗರು ಸಿಗುವುದಿಲ್ಲ. ಎರಡು ವರ್ಷದ ನಂತರ ಬಂದ ‘ಆಲಿವ್ ಮರಗಳ ನಡುವೆ’ ನೋಡಿದವರಿಗೆ ಸಮಾಧಾನ: ಇಬ್ಬರೂ ಅಲ್ಲಿದ್ದಾರೆ, ಬೆಳೆದು ಎತ್ತರವಾಗಿದ್ದಾರೆ.