ವಸ್ತಿ ಬಸ್ಸಿನ ಬೆಳಗು

ನವಲಗುಂದ ತಾಲ್ಲೂಕಿನ ಎರೆನೆಲದ ಒಂದು ಹಳ್ಳಿ. ಇನ್ನೂ ಮಬ್ಬುಗತ್ತಲು. ಹನುಮಪ್ಪನ ಗುಡಿಯ ಮುಂದೆ ರಾತ್ರಿಯೆಲ್ಲ ನಿಂತಿದ್ದ ವಸ್ತಿ ಬಸ್ಸಿನ ಎಂಜಿನ್ನು ಗುರುಗುಟ್ಟಿದ್ದೇ ತಡ, ಕಟ್ಟೆಯ ಹತ್ತಿರ ಒಬ್ಬೊಬ್ಬರೇ ಕೂಡತೊಡಗಿದರು. ಹಾಲಿನ ಕ್ಯಾನು, ಮೆಣಸಿನಕಾಯಿ ಚೀಲ, ನಡುವೆ ಸಮವಸ್ತ್ರದ ಐದಾರು ಹುಡುಗಿಯರು.

“ಇದು ತಪ್ಪಿದ್ರ ಹ್ಯಾಂಗವಾ?” ಎಂದು ಕೇಳಿದೆ.

“ಮುಂದಿನ ಬಸ್ಸಿಗೆ ಹೋದ್ರ ಮೊದಲ್ನೇ ಪಿರಿಯಡ್ ಮುಗದಿರತೈತ್ರಿ ಸರ್,” ಎಂದಳು ಪಿಯುಸಿ ಓದುವ ಒಬ್ಬಳು. ಪಕ್ಕದ ಅಜ್ಜ ನಕ್ಕರು: “ನಮ್ಮೂರ ಗಡಿಯಾರ ಇದ ನೋಡ್ರಿ. ಇದು ಹೋತಂದ್ರ ನಾವು ಹೊಲಕ್ಕ ಹೊಂಡತೇವಿ.”

ಸಂಜೆ ಬಂದು, ಊರಲ್ಲೇ ತಂಗಿ, ಬೆಳಗಿನ ಮೊದಲ ಟ್ರಿಪ್ಪಿಗೆ ಹೊರಡುವ ಗಾಡಿಯೇ ವಸ್ತಿ ಬಸ್ಸು. ಅದರ ದಿನಚರಿಯೆಲ್ಲ ಡಿಪೋದ ‘ಫಾರಂ ನಂಬರ್ 4’ ಎಂಬ ಹಾಳೆಯಲ್ಲಿದೆ. ಎಲ್ಲಿಂದ ಎಷ್ಟಕ್ಕೆ ಬಿಡಬೇಕು, ಎಲ್ಲಿಗೆ ಎಷ್ಟಕ್ಕೆ ಮುಟ್ಟಬೇಕು ಎಂಬುದನ್ನು ಆ ಹಾಳೆ ಹೇಳುತ್ತದೆ. ಅಲ್ಲಿ ಒಂದು ಅಂಕಿ ತಿದ್ದಿದರೆ ಈ ಕಟ್ಟೆಯ ಲೆಕ್ಕವೆಲ್ಲ ತಿರುವುಮುರುವು.

ಜಮಖಾನೆಗೆ ಹೆಸರಾದ ನವಲಗುಂದದಿಂದ ಮುಂದೆ ಪಂಪನ ನಾಡು ಅಣ್ಣಿಗೇರಿ, ತೊಟ್ಟಿಲುಗಳ ಕಲಘಟಗಿ, ಎಲ್ಲ ಕಡೆಯೂ ಬಸ್ ಸ್ಟ್ಯಾಂಡಿನ ಮಾತು ಒಂದೇ: ವೇಳೆ. ಕುಂದಗೋಳದಲ್ಲಂತೂ ನನಗೆ ಗಂಗೂಬಾಯಿ ಹಾನಗಲ್ಲರ ನೆನಪು. ಸವಾಯಿ ಗಂಧರ್ವರ ಬಳಿ ಕಲಿಯಲು ಅವರು ಹುಬ್ಬಳ್ಳಿಯಿಂದ ರೈಲಿನಲ್ಲಿ ಬಂದು ಹೋಗುತ್ತಿದ್ದರು. ಆ ರೈಲು ಇಲ್ಲದಿದ್ದರೆ ಕಿರಾಣಾ ಘರಾಣೆಯ ಕತೆ ಏನಾಗುತ್ತಿತ್ತೋ!

ಹೆಣ್ಣುಮಕ್ಕಳ ಓದು ಇಂದಿಗೂ ಹೀಗೇ ಗಾಡಿಯ ವೇಳೆಗೆ ಕಟ್ಟುಬಿದ್ದಿದೆ. 2023ರ ಜೂನ್ 11ರಂದು ‘ಶಕ್ತಿ’ ಯೋಜನೆ ಬಂದ ಮೇಲೆ ಟಿಕೆಟ್ಟಿನ ಚಿಂತೆ ಹೋಯಿತು, ವೇಳೆಯ ಚಿಂತೆ ಉಳಿಯಿತು. ಕತ್ತಲಾಗುವುದರೊಳಗೆ ಮಗಳು ಮನೆ ಸೇರುವ ಬಸ್ಸಿಲ್ಲವೆಂದರೆ ಎಷ್ಟು ಅಪ್ಪಂದಿರು ಕಾಲೇಜಿಗೆ ಕಳಿಸಿಯಾರು?

ಹಾಗಾದರೆ ವೇಳೆ ಬದಲಿಸುವಾಗ ಯಾರನ್ನು ಕೇಳಬೇಕು? 1988ರ ಮೋಟಾರು ವಾಹನ ಕಾಯ್ದೆಯಲ್ಲಿ ಖಾಸಗಿ ಬಸ್ಸಿನ ಮಾಲೀಕನಿಗೆ ಒಳ್ಳೆಯ ರಕ್ಷಣೆಯಿದೆ. ಪರವಾನಗಿಯ ಷರತ್ತು ಬದಲಿಸಬೇಕಾದರೆ ಪ್ರಾದೇಶಿಕ ಸಾರಿಗೆ ಪ್ರಾಧಿಕಾರ ಅವನಿಗೆ ಕನಿಷ್ಠ ಒಂದು ತಿಂಗಳ ನೋಟಿಸು ಕೊಡಬೇಕು. ಅರ್ಜಿ ತಿರಸ್ಕರಿಸಿದರೆ ಕಾರಣ ಬರೆದು ತಿಳಿಸಬೇಕು. ಕಟ್ಟೆಯ ಮೇಲೆ ಕಾಯುವ ಹುಡುಗಿಗೆ ಅಂಥ ನೋಟಿಸು ಯಾವುದೂ ಇಲ್ಲ.

ಸರಕಾರಿ ಬಸ್ಸಿನ ದಾರಿಯೇ ಬೇರೆ. ಒಂದು ಮಾರ್ಗವನ್ನು ಸರಕಾರಿ ಸಂಸ್ಥೆಗೆ ಮೀಸಲಿಡುವ ಯೋಜನೆಯನ್ನು ರಾಜ್ಯಪತ್ರದ ಜತೆಗೆ ಪ್ರಾದೇಶಿಕ ಭಾಷೆಯ ಪತ್ರಿಕೆಯಲ್ಲೂ ಪ್ರಕಟಿಸಬೇಕು. 30 ದಿನದೊಳಗೆ ಯಾರು ಬೇಕಾದರೂ ಆಕ್ಷೇಪ ಸಲ್ಲಿಸಬಹುದು. ಸರಕಾರ ಅದನ್ನು ಕೇಳಬೇಕು. ಈ ಕೇಳುವಿಕೆ ಬರೀ ಶಾಸ್ತ್ರವಾಗಬಾರದೆಂದು ಸುಪ್ರೀಂ ಕೋರ್ಟು ಹಿಂದೆಯೇ ಹೇಳಿದೆ. ಆಂಧ್ರದಲ್ಲಿ ಅಹವಾಲು ಕೇಳಿದ್ದು ಕಾರ್ಯದರ್ಶಿ, ತೀರ್ಮಾನಿಸಿದ್ದು ಮುಖ್ಯಮಂತ್ರಿ. 1958ರಲ್ಲಿ ಆ ಯೋಜನೆ ಬಿದ್ದುಹೋಯಿತು. ನಮ್ಮ ಆನೇಕಲ್ ಯೋಜನೆಯಲ್ಲಿ ಮೈಸೂರಿನ ಮುಖ್ಯಮಂತ್ರಿಯೇ ಕೇಳಿದ್ದರು. 1960ರಲ್ಲಿ ಅದು ಉಳಿಯಿತು. ಕಿವಿ ಒಬ್ಬರದು, ಲೇಖನಿ ಇನ್ನೊಬ್ಬರದು ಆದರೆ ನ್ಯಾಯವೆಲ್ಲಿ?

ಆದರೆ ಯೋಜನೆ ಒಮ್ಮೆ ಮಂಜೂರಾಯಿತೆಂದರೆ ಆಮೇಲಿನ ದಿನದಿನದ ವೇಳೆ ಬಹುತೇಕ ಸಂಸ್ಥೆಯ ಒಳಗಿನ ವ್ಯವಹಾರ. ಡಿಪೋದವರ ಕಷ್ಟವೂ ಇಲ್ಲದಿಲ್ಲ. ಇರುವ ಗಾಡಿ, ಇರುವ ಚಾಲಕರಲ್ಲೇ ಎಲ್ಲ ಊರಿಗೂ ಹಂಚಬೇಕು. ಒಂದೂರಿಗೆ ಬೇಗ ಬಿಟ್ಟರೆ ಇನ್ನೊಂದೂರಿಗೆ ತಡ. ಅದಕ್ಕೇ ಬದಲಾವಣೆಗೆ ಮುಂಚೆ ಕಾಲೇಜಿನ ಗಂಟೆ, ಸಂತೆಯ ದಿನ, ಎರಡೂ ಊರಿನವರ ಮಾತು ಕೇಳುವುದು ಮೇಲಲ್ಲವೇ?

ಪಾಲಕರ ಕೈಯಲ್ಲಿ ಒಂದು ದಾರಿಯಿದೆ. 2005ರ ಮಾಹಿತಿ ಹಕ್ಕು ಕಾಯ್ದೆಯ 4ನೇ ಕಲಮಿನಂತೆ ಸರಕಾರಿ ಸಂಸ್ಥೆ ತನ್ನ ಆಡಳಿತ ನಿರ್ಣಯದ ಕಾರಣವನ್ನು ಬಾಧಿತರಿಗೆ ತಿಳಿಸಬೇಕು. ಫಾರಂ ನಂಬರ್ 4ರ ಪ್ರತಿಯನ್ನೂ ಅರ್ಜಿ ಹಾಕಿ ಕೇಳಬಹುದು. ಬಸ್ಸಿನಲ್ಲಿ ಇದನ್ನು ಹೇಳಿದಾಗ ಆ ಪಿಯುಸಿ ಹುಡುಗಿ ನೋಟುಬುಕ್ಕಿನ ಹಿಂದಿನ ಹಾಳೆಯಲ್ಲಿ ಬರೆದುಕೊಂಡಳು.

ನವಲಗುಂದ ಬಂತು. ಹುಡುಗಿಯರು ದಡದಡನೆ ಇಳಿದರು. ಅಜ್ಜ ಕೋಲೂರಿಕೊಂಡು ಕಂಟ್ರೋಲರನ ಕಿಟಕಿಗೆ ಹೋಗಿ, ದಿನಾ ಗೊತ್ತಿದ್ದರೂ, ಕೇಳಿದರು: “ಸಂಜಿ ಗಾಡಿ ಅದ ಟೈಮಿಗೆ ಐತಿಲ್ರಿ ಸಾಹೇಬ್ರ?”